ಪರದೆ ಮೇಲೆ ನಮ್ಮೋನು ಯಾಕೆ ಮೂಗ?



ಓಂ ಪುರಿ ದೊಡ್ಡ ನಟ. ಇದರಲ್ಲಿ ಎರಡು ಮಾತಿಲ್ಲ. 1950ರಲ್ಲಿ ಅಂಬಾಲದಲ್ಲಿ ಹುಟ್ಟಿ, ಎಳೆತನದಲ್ಲೇ ಚಹಾದಂಗಡಿಯಲ್ಲಿ ದುಡಿದು, ದೆಹಲಿಯ ರಾಷ್ಟ್ರೀಯ ನಾಟಕ ಶಾಲೆ, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ದಾಟಿ ಬಂದವರು. ಸಿಡುಬಿನ ಕಲೆಯ ಮುಖ. ಇಂಥ ಮುಖಾನೂ ಹೀರೋ ಆಗಬಹುದು ಅಂತ ತೋರಿಸಿದವರು. 'ಆರೋಹಣ್', 'ಅರ್ಧ ಸತ್ಯ'ಗಳಿಗೆ ರಾಷ್ಟ್ರಪ್ರಶಸ್ತಿ, 1990ರಲ್ಲಿ ಪದ್ಮಶ್ರೀ. ಕನ್ನಡಕ್ಕೂ ಬಂದರು, 1999ರ 'ಎಕೆ 47'ನಲ್ಲಿ. 2017ರ ಜನವರಿ 6ರಂದು ತೀರಿಕೊಂಡರು. ಬಾಯಿಲ್ಲದವರ ಬಾಯಿ ಅಂತ ಅವರನ್ನು ಹೊಗಳುವವರಿದ್ದಾರೆ.

ನಿಲ್ಲಿ. ಯಾರಿಗೆ ಬಾಯಿಲ್ಲ?

1980ರ 'ಆಕ್ರೋಶ್' ನೋಡಿ. ಓಂ ಪುರಿ ಅಲ್ಲಿ ಲಹಾನ್ಯಾ ಭಿಕು, ಆದಿವಾಸಿ. ಹೆಂಡತಿಯನ್ನು ಹಾಳು ಮಾಡಿದವರೇ ಕೊಂದು, ಕೊಲೆಯನ್ನು ಇವನ ತಲೆಗೆ ಕಟ್ಟಿದ್ದಾರೆ. ಇಡೀ ಸಿನಿಮಾ ಇವನು ತುಟಿ ಬಿಚ್ಚೋದೇ ಅಪರೂಪ. ಇವನ ಪರ ಒದ್ದಾಡೋನು ಕುಲಕರ್ಣಿ ಅನ್ನೋ ವಕೀಲ. ಬಾಯಿ ಇರೋ ಆದಿವಾಸಿ ಒಬ್ಬನಿದ್ದಾನೆ, ಅವನು ಸರ್ಕಾರಿ ವಕೀಲ! ಕೊನೆಗೆ ಭಿಕು ಕೊಡಲಿ ಎತ್ತುತ್ತಾನೆ. ಯಾರ ಮೇಲೆ? ಸ್ವಂತ ತಂಗಿಯ ಮೇಲೆ.

1981ರಲ್ಲಿ ಸತ್ಯಜಿತ್ ರೇ ದೂರದರ್ಶನಕ್ಕೆ ತೆಗೆದ 'ಸದ್ಗತಿ'. ಪ್ರೇಮಚಂದರ ಕಥೆ. ಓಂ ಪುರಿ ಇಲ್ಲಿ ದುಖಿ, ಚಮ್ಮಾರ. ಮಗಳ ನಿಶ್ಚಯಕ್ಕೆ ಮುಹೂರ್ತ ಕೇಳಲು ಹೋದವನಿಗೆ ಪಂಡಿತ ಸೌದೆ ಒಡೆಯೋ ಬಿಟ್ಟಿ ಕೊಡುತ್ತಾನೆ. ಹಸಿದ ಹೊಟ್ಟೆಯಲ್ಲಿ ಮರದ ದಿಮ್ಮಿಗೆ ಕೊಡಲಿ ಬೀಸಿ ಬೀಸಿ ಸಾಯುತ್ತಾನೆ.

1988ರ 'ತಮಸ್' ಧಾರಾವಾಹಿಯಲ್ಲಿ ಓಂ ಪುರಿ ನತ್ಥು, ಚರ್ಮ ಹದ ಮಾಡೋನು. ಯಾರೋ ದುಡ್ಡು ಕೊಟ್ಟು ಹಂದಿ ಕೊಲ್ಲಿಸುತ್ತಾರೆ. ಅದೇ ಹಂದಿ ಮಸೀದಿ ಮುಂದೆ ಬಿದ್ದು ಊರು ಹತ್ತಿ ಉರಿಯುತ್ತೆ. ನತ್ಥು ಒಳಗೊಳಗೇ ಬೇಯುತ್ತಾನೆ.

ಒಬ್ಬ ಮೂಗ, ಒಬ್ಬ ಹೆಣ, ಒಬ್ಬ ಮುಗ್ಧ. ನಮ್ಮ 1975ರ 'ಚೋಮನ ದುಡಿ'ಯಲ್ಲೂ ಅಷ್ಟೇ. ಚೋಮ ದುಡಿ ಬಡೀತಾ ಸಾಯಬೇಕು, ಅದಕ್ಕೆ ಸ್ವರ್ಣಕಮಲ ಬರಬೇಕು!

ವಾಸ್ತವ ಅಲ್ವೇನ್ರಿ ಅಂತ ಕೇಳುತ್ತಾರೆ. ಹೌದು, ನಮ್ಮ ಜನ ಹಾಗೆ ಸತ್ತಿದ್ದಾರೆ, ಇವತ್ತಿಗೂ ಸಾಯ್ತಿದ್ದಾರೆ. ಆದರೆ ಆ ಕಾಲದ ವಾಸ್ತವ ಅಷ್ಟೇನಾ? 1972ರಲ್ಲಿ ಬೊಂಬಾಯಿಯಲ್ಲಿ ದಲಿತ ಪ್ಯಾಂಥರ್ಸ್ ಹುಟ್ಟಿತ್ತು. 1973ರಲ್ಲಿ ಬಸವಲಿಂಗಪ್ಪನವರ 'ಬೂಸಾ' ಮಾತಿಗೆ ನಮ್ಮ ಹಾಸ್ಟೆಲ್ ಹುಡುಗರು ಏಟು ತಿಂದು, ತಿರುಗಿ ನಿಂತಿದ್ದರು. ಬೀದಿಯಲ್ಲಿ ನಮ್ಮೋರು ಗಂಟಲು ಹರಿಯೋ ಹಾಗೆ ಕೂಗುತ್ತಿದ್ದ ಕಾಲದಲ್ಲೇ ಪರದೆ ಮೇಲೆ ನಮ್ಮೋನಿಗೆ ನಾಲಿಗೆ ಇರಲಿಲ್ಲ.

'ಸದ್ಗತಿ'ಯನ್ನೇ ಇನ್ನೊಮ್ಮೆ ನೋಡಿ. ದುಖಿಯ ಹೆಣ ಎತ್ತಲು ಕೇರಿಯವರು ಬರೋದಿಲ್ಲ. 'ಎತ್ತಲ್ಲ' ಅನ್ನೋ ಆ ಒಂದು ನಿರಾಕರಣೆ ಬ್ರಾಹ್ಮಣನ ಕೈಯಿಂದಲೇ ಹೆಣ ಎಳೆಸುತ್ತೆ. ಬಹಿಷ್ಕಾರ ಅಂದ್ರೆ ಅದು! ಕಥೆಯ ಬೆಂಕಿ ಇರೋದೇ ಅಲ್ಲಿ. ಆದರೆ ನೋಡಿದವರ ಕಣ್ಣಲ್ಲಿ ಉಳಿಯೋದು ಎಳೆದ ಹೆಣ. ಎತ್ತಲ್ಲ ಅಂದ ಕೇರಿಯನ್ನು ಯಾರೂ ನೆನೆಯೋದಿಲ್ಲ. ಅಯ್ಯೋ ಪಾಪ ಅಂದು ಕಣ್ಣೊರೆಸಿಕೊಂಡು ಮೇಲಿನೋರು ಊಟಕ್ಕೆ ಹೋಗುತ್ತಾರೆ.

ಓಂ ಪುರಿಯ ಮೇಲೆ ನಮಗೆ ಸಿಟ್ಟಿಲ್ಲ. ಅವರು ಕೇರಿಯಿಂದ ಬಂದವರಲ್ಲ, ಆದರೂ ಆ ಪಾತ್ರಗಳನ್ನು ಗೇಲಿ ಮಾಡಲಿಲ್ಲ, ಬೆವರು ಹರಿಸಿ ದುಡಿದರು. ಜಗಳ ಕ್ಯಾಮೆರಾ ಹಿಡಿದವರ ಜೊತೆ. ನಮ್ಮ ಸಾವು ಅವರಿಗೆ ಕಲೆ. ನಮ್ಮ ಮಾತು ಅವರಿಗೆ ಗಲಾಟೆ.

ಕ್ಯಾಮೆರಾ ಕೈ ಬದಲಾದರೆ ಏನಾಗುತ್ತೆ? ದಲಿತ ಕುಟುಂಬದಿಂದ ಬಂದ ನಾಗರಾಜ ಮಂಜುಳೆ 2013ರಲ್ಲಿ 'ಫ್ಯಾಂಡ್ರಿ' ತೆಗೆದರು. ಅಲ್ಲೂ ಹಂದಿ ಇದೆ. ಹಂದಿ ಹಿಡಿಯೋ ಅವಮಾನ ಉಂಡ ಹುಡುಗ ಜಬ್ಯಾ ಕೊನೆಗೆ ಕಲ್ಲು ಬೀಸುತ್ತಾನೆ. ಅದು ನೇರ ನೋಡೋರ ಮುಖಕ್ಕೇ ಬರುತ್ತೆ. ಅಯ್ಯೋ ಪಾಪ ಅನ್ನೋಕೆ ಪುರುಸೊತ್ತೇ ಇಲ್ಲ! ನತ್ಥುವಿನಿಂದ ಜಬ್ಯಾಗೆ ಇಪ್ಪತ್ತೈದು ವರ್ಷ ಹಿಡೀತು.

ಗೆಳೆಯರೇ, ಇನ್ನೊಂದು ಇಪ್ಪತ್ತೈದು ವರ್ಷ ಕಾಯಬೇಡಿ. ಹಾಸ್ಟೆಲಿನಲ್ಲಿ 'ಸದ್ಗತಿ', 'ಫ್ಯಾಂಡ್ರಿ' ಎರಡನ್ನೂ ಹಾಕಿ, ನೋಡಿ, ಜಗಳ ಆಡಿ. ನಿಮ್ಮ ಊರ ಕಥೆ ನೀವೇ ಬರೀರಿ. ಬೀದಿನಾಟಕ ಕಟ್ಟಿ. ಕ್ಯಾಮೆರಾ ಈಗ ನಿಮ್ಮ ಜೇಬಿನ ಫೋನಲ್ಲೇ ಇದೆ. ಅದರಲ್ಲಿ ಮೊದಲು ತೆಗೆಯಬೇಕಾದ್ದು, 'ಎತ್ತಲ್ಲ' ಅಂದ ಆ ಕೇರಿಯ ಮುಖಗಳನ್ನ.

ಜೈ ಭೀಮ್.