ಯಾರದೂ ಅಲ್ಲದ ನೆಲ

ತಾತ ಮುತ್ತಾತಂದಿರ ಕಾಲದಿಂದ ಅಗೆದು ನೆಟ್ಟು ಉಣ್ಣುತ್ತ ಬಂದ ತೋಟವು ತನ್ನದೆಂದು ರುಜುವಾತು ಮಾಡಬೇಕಾದ ದಿನ ಬಂದರೆ ಮನುಷ್ಯನು ಏನನ್ನು ಮುಂದಿಡಬಲ್ಲನು? ಪತ್ರವುಳ್ಳವನು ಪತ್ರವನ್ನು ತೋರಿಸುತ್ತಾನೆ. ಕಂದಾಯ ಕಟ್ಟಿದವನು ರಸೀತಿಯನ್ನು ತೋರಿಸುತ್ತಾನೆ. ಕಾಗದವನ್ನೇ ಕಾಣದ ಜನರು ಗಡಿಯ ಕಲ್ಲನ್ನೂ ಮರವನ್ನೂ ತೋರಿಸುತ್ತಾರೆ. ಅಜ್ಜನು ಹೇಳಿಕೊಟ್ಟ ಮಾತನ್ನು ಒಪ್ಪಿಸುತ್ತಾರೆ. ಇಂತಹ ಸಾಕ್ಷ್ಯವನ್ನು ಒಡೆತನದ ಸಾಕ್ಷ್ಯವೆಂದು ಒಪ್ಪಿಕೊಳ್ಳಲು ಆಸ್ಟ್ರೇಲಿಯದ ನ್ಯಾಯಪದ್ಧತಿಗೆ 204 ವರ್ಷಗಳು ಬೇಕಾದವು. ಒಪ್ಪಿಕೊಳ್ಳುವಂತೆ ಮಾಡಿದವರಲ್ಲಿ ಮುಖ್ಯರಾದವರು ನ್ಯಾಯಶಾಸ್ತ್ರದ ಪಂಡಿತರಲ್ಲ; ವಿಶ್ವವಿದ್ಯಾಲಯವೊಂದರ ಉದ್ಯಾನದಲ್ಲಿ ಮಾಲಿಯಾಗಿ ದುಡಿದಿದ್ದ ಎಡ್ಡಿ ಕೊಯಿಕಿ ಮಾಬೋ ಎಂಬವರು.

ಕಥೆಯು ಬಹಳ ಹಿಂದಿನಿಂದ ಮೊದಲಾಗುತ್ತದೆ. 1770ರ ಆಗಸ್ಟ್ ತಿಂಗಳಲ್ಲಿ ನಾವಿಕ ಜೇಮ್ಸ್ ಕುಕ್ ಆ ಖಂಡದ ಈಶಾನ್ಯ ತುದಿಯ ಸಣ್ಣ ದ್ವೀಪವೊಂದರಲ್ಲಿ ಧ್ವಜವನ್ನೇರಿಸಿ, ಪೂರ್ವ ಕರಾವಳಿಯೆಲ್ಲವೂ ಮೂರನೆಯ ಜಾರ್ಜ್ ದೊರೆಗೆ ಸೇರಿದುದೆಂದು ಸಾರಿದನು. ಹೊರಡುವಾಗ ಅವನ ಕೈಗಿತ್ತ ಗುಪ್ತ ಆದೇಶದಲ್ಲಿ, ಅಲ್ಲಿನ ನಿವಾಸಿಗಳ ಸಮ್ಮತಿಯನ್ನು ಪಡೆದು ನೆಲವನ್ನು ವಶಮಾಡಿಕೊಳ್ಳಬೇಕೆಂದು ಬರೆದಿತ್ತು. ಕರಾವಳಿಯುದ್ದಕ್ಕೂ ಆ ನಿವಾಸಿಗಳು ಹೊತ್ತಿಸಿದ ಬೆಂಕಿಯ ಹೊಗೆಯನ್ನು ಅವನು ಕಣ್ಣಾರೆ ಕಂಡಿದ್ದನು. ಸಮ್ಮತಿಯನ್ನು ಮಾತ್ರ ಯಾರಿಂದಲೂ ಪಡೆಯಲಿಲ್ಲ. ಹದಿನೆಂಟು ವರ್ಷಗಳ ಅನಂತರ, 1788ರ ಜನವರಿಯಲ್ಲಿ, 11 ಹಡಗುಗಳು ಸೆರೆಯಾಳುಗಳನ್ನೂ ಸೈನಿಕರನ್ನೂ ತಂದು ಸಿಡ್ನಿಯ ಕೊಲ್ಲಿಯಲ್ಲಿ ಇಳಿಸಿದವು. ಯುದ್ಧ ಸಾರಿದವರಿಲ್ಲ, ಒಪ್ಪಂದ ಬರೆದವರಿಲ್ಲ, ಬೆಲೆ ತೆತ್ತವರಿಲ್ಲ. ನೆಲವು ಮಾತ್ರ ಕೈಬದಲಾಯಿತು.

ಆಂಗ್ಲರ ಅಂದಿನ ನ್ಯಾಯಶಾಸ್ತ್ರವು ಇದಕ್ಕೊಂದು ದಾರಿಯನ್ನು ಮಾಡಿಕೊಟ್ಟಿತ್ತು. ಪರದೇಶವು ದೊರೆಯ ಕೈಸೇರುವುದು ಗೆಲುವಿನಿಂದ, ಇಲ್ಲವೆ ಒಪ್ಪಂದದಿಂದ, ಇಲ್ಲವೆ ಬರಿದಾದ ನೆಲದಲ್ಲಿ ಪ್ರಜೆಗಳು ನೆಲೆಯೂರುವುದರಿಂದ. ಮೊದಲೆರಡು ಬಗೆಯಲ್ಲಿ ಆ ದೇಶದ ಹಳೆಯ ಕಾನೂನಿಗೆ ಒಂದಿಷ್ಟು ಮನ್ನಣೆಯುಂಟು. ಮೂರನೆಯದರಲ್ಲಿ ಹಳೆಯ ಕಾನೂನೆಂಬುದೇ ಇಲ್ಲ, ವಲಸೆಗಾರರ ಗಂಟುಮೂಟೆಯೊಡನೆ ಅವರ ಕಾನೂನೂ ಬಂದಿಳಿಯುತ್ತದೆ. ಆಸ್ಟ್ರೇಲಿಯವನ್ನು ಈ ಮೂರನೆಯ ಸಾಲಿಗೆ ಸೇರಿಸಲಾಯಿತು. ಮುಂದೆ ಈ ಭಾವನೆಗೆ ‘ಟೆರ್ರಾ ನಲ್ಲಿಯಸ್’ ಎಂಬ ಲ್ಯಾಟಿನ್ ಹೆಸರೂ ದೊರೆಯಿತು. ಯಾರದೂ ಅಲ್ಲದ ನೆಲ ಎಂದು ಅದರ ಅರ್ಥ.

ಬರಿದಾದ ನೆಲವೇ ಅದು? 250ಕ್ಕೂ ಹೆಚ್ಚು ಭಾಷೆಗಳನ್ನಾಡುವ ಜನರು ಅಲ್ಲಿದ್ದರು. ಇಂದಿನ ವಿಕ್ಟೋರಿಯ ಪ್ರಾಂತದಲ್ಲಿ ಗುಂಡಿಚ್‌ಮಾರ ಜನರು ಲಾವಾ ಶಿಲೆಯಿಂದ ಕಾಲುವೆಗಳನ್ನೂ ಒಡ್ಡುಗಳನ್ನೂ ಕಟ್ಟಿ ಹಾವುಮೀನನ್ನು ಸಾಕಿ ಹಿಡಿಯುತ್ತಿದ್ದರು. ಆರು ಸಾವಿರ ವರ್ಷಗಳಿಗೂ ಹಿಂದಿನ ಆ ರಚನೆಗಳನ್ನು 2019ರಲ್ಲಿ ಯುನೆಸ್ಕೋ ವಿಶ್ವಪರಂಪರೆಯ ಪಟ್ಟಿಗೆ ಸೇರಿಸಿತು. ಆದರೆ ಬಿಳಿಯರ ಕಣ್ಣಿಗೆ ಬೇಲಿಯಿಲ್ಲದುದು ಹೊಲವಲ್ಲ, ಪತ್ರವಿಲ್ಲದುದು ಒಡೆತನವಲ್ಲ.

1835ರಲ್ಲಿ ಜಾನ್ ಬ್ಯಾಟ್‌ಮನ್ ಎಂಬ ವಲಸೆಗಾರನು ಇಂದಿನ ಮೆಲ್ಬರ್ನ್ ನಗರದ ಸುತ್ತಣ ಭೂಮಿಯನ್ನು ಕಂಬಳಿ, ಚಾಕು, ಕೊಡಲಿ, ಹಿಟ್ಟು ಮುಂತಾದವುಗಳಿಗೆ ಬದಲಾಗಿ ಮೂಲನಿವಾಸಿಗಳಿಂದ ಪಡೆದೆನೆಂದು ಪತ್ರವೊಂದನ್ನು ಬರೆಸಿಕೊಂಡನು. ನ್ಯಾಯವಾದ ವ್ಯಾಪಾರವೇನೂ ಅಲ್ಲ ಅದು. ಆದರೂ ಕೊಡುವ ಹಕ್ಕುಳ್ಳ ಒಡೆಯರು ಅಲ್ಲಿದ್ದಾರೆಂದು ಆ ಪತ್ರವು ಒಪ್ಪಿಕೊಂಡಿತ್ತು. ಗವರ್ನರ್ ಬರ್ಕ್ ಅದೇ ವರ್ಷ ಪ್ರಕಟಣೆ ಹೊರಡಿಸಿ ಅದನ್ನು ರದ್ದುಗೊಳಿಸಿದನು. ಮೂಲನಿವಾಸಿಗಳು ಮೋಸಹೋದರೆಂಬುದು ಅದಕ್ಕೆ ಕಾರಣವಲ್ಲ; ಆ ನೆಲವೆಲ್ಲವೂ ದೊರೆಯದಾಗಿರುವಾಗ ಮಾರಲು ಅವರು ಯಾರು ಎಂಬುದೇ ಅದರ ತಿರುಳು. ಐದು ವರ್ಷಗಳ ಮೇಲೆ ನೆರೆಯ ನ್ಯೂಜಿಲೆಂಡಿನಲ್ಲಿ ಅದೇ ಸಿಂಹಾಸನವು ಮಾವೊರಿ ನಾಯಕರೊಡನೆ ವೈತಾಂಗಿಯಲ್ಲಿ ಒಪ್ಪಂದ ಮಾಡಿಕೊಂಡಿತು. ಅದನ್ನು ಎಷ್ಟರಮಟ್ಟಿಗೆ ಪಾಲಿಸಿದರೆಂಬುದು ಬೇರೆ ಮಾತು. ಆಸ್ಟ್ರೇಲಿಯದ ಪಾಲಿಗೆ ಅಷ್ಟೂ ಇರಲಿಲ್ಲ.

ಆಸ್ಟ್ರೇಲಿಯಕ್ಕೂ ನ್ಯೂಗಿನಿಗೂ ನಡುವಣ ಟಾರೆಸ್ ಜಲಸಂಧಿಯಲ್ಲಿ ಮೆರ್ ಎಂಬ ಪುಟ್ಟ ದ್ವೀಪವಿದೆ. ಅಲ್ಲಿನ ಮೆರಿಯಮ್ ಜನರು ಗೆಣಸು, ಬಾಳೆಗಳನ್ನು ಬೆಳೆಯುವ ತೋಟಗಾರರು. ಸಮುದ್ರದಂಚಿನಲ್ಲಿ ಕಲ್ಲಿನ ಗೋಡೆಗಳನ್ನು ಕಟ್ಟಿ ಮೀನು ಹಿಡಿಯುವವರು. ಪ್ರತಿಯೊಂದು ತೋಟಕ್ಕೂ ಒಡೆಯನುಂಟು, ಗಡಿಯುಂಟು, ಉತ್ತರಾಧಿಕಾರದ ಕ್ರಮವುಂಟು. ಅನ್ಯರ ನೆಲದಲ್ಲಿ ಕಾಲಿಡಬೇಡ, ಅನ್ಯರ ಫಲಕ್ಕೆ ಕೈಚಾಚಬೇಡ ಎಂಬುದು ಅವರ ದೇವತೆ ಮಾಲೋ ವಿಧಿಸಿದ ಕಟ್ಟಳೆ. 1879ರಲ್ಲಿ ಕ್ವೀನ್ಸ್‌ಲೆಂಡ್ ಸರ್ಕಾರವು ಈ ದ್ವೀಪವನ್ನು ತನ್ನಲ್ಲಿ ಸೇರಿಸಿಕೊಂಡಿತು. ಜನರು ಎಂದಿನಂತೆ ತೋಟ ಮಾಡಿಕೊಂಡಿದ್ದರು. ನೆಲವು ತಮ್ಮದಲ್ಲವೆಂದು ಯಾರಿಗೂ ತೋರಲಿಲ್ಲ.

ಎಡ್ಡಿ ಮಾಬೋ ಹುಟ್ಟಿದುದು ಅಲ್ಲಿಯೇ, 1936ರಲ್ಲಿ. ಎಳವೆಯಲ್ಲಿಯೇ ಸೋದರಮಾವ ಬೆನ್ನಿ ಮಾಬೋ ಅವರ ಮನೆಗೆ ದತ್ತುಹೋಗಿ ಬೆಳೆದರು. ತಾರುಣ್ಯದಲ್ಲಿ ದ್ವೀಪವನ್ನು ಬಿಟ್ಟು ಕಬ್ಬಿನ ಗದ್ದೆಗಳಲ್ಲಿಯೂ ರೈಲುಹಾದಿಯಲ್ಲಿಯೂ ದುಡಿದು, ಟೌನ್ಸ್‌ವಿಲ್ ಪಟ್ಟಣದಲ್ಲಿ ಪತ್ನಿ ಬೊನಿಟಾ ಅವರೊಡನೆ ಸಂಸಾರ ಹೂಡಿದರು. 1967ರಲ್ಲಿ ಜೇಮ್ಸ್ ಕುಕ್ ವಿಶ್ವವಿದ್ಯಾಲಯದ ಉದ್ಯಾನದಲ್ಲಿ ಕೆಲಸಕ್ಕೆ ಸೇರಿದರು. ವಿಧಿಯ ವಿನೋದವೋ ಏನೋ, ಆ ಸಂಸ್ಥೆಗೆ ಅಂದು ಧ್ವಜವೇರಿಸಿದ ನಾವಿಕನದೇ ಹೆಸರು. 1973ರಲ್ಲಿ, ತಮ್ಮ ಜನರ ಮಕ್ಕಳು ತಮ್ಮ ಸಂಸ್ಕೃತಿಯನ್ನು ಮರೆಯಬಾರದೆಂದು, ಸ್ವತಂತ್ರವಾದ ಶಾಲೆಯೊಂದನ್ನು ತೆರೆದರು. ಮರಣಶಯ್ಯೆಯಲ್ಲಿದ್ದ ಸಾಕುತಂದೆಯನ್ನು ಕಾಣಲು ಆ ದಿನಗಳಲ್ಲಿಯೇ ದ್ವೀಪಕ್ಕೆ ಹೊರಟಾಗ ಅಧಿಕಾರಿಗಳು ಅಪ್ಪಣೆ ಕೊಡಲಿಲ್ಲ. ತಂದೆಯ ಮುಖವನ್ನು ಮತ್ತೆ ಕಾಣುವ ಯೋಗ ಅವರಿಗೆ ಒದಗಲಿಲ್ಲ.

ಸುಮಾರು 1974ರಲ್ಲಿ ಒಂದು ದಿನ ಮಾಬೋ ಅವರು ಇತಿಹಾಸದ ಅಧ್ಯಾಪಕರಾದ ಹೆನ್ರಿ ರೆನಾಲ್ಡ್ಸ್ ಮತ್ತು ನೋಯೆಲ್ ಲೂಸ್ ಅವರೊಡನೆ ಊಟದ ಹೊತ್ತಿನಲ್ಲಿ ಮಾತನಾಡುತ್ತ, ದ್ವೀಪದಲ್ಲಿರುವ ತಮ್ಮ ಭೂಮಿಯನ್ನು ವರ್ಣಿಸಿದರು. ಆ ಭೂಮಿಯು ಕಾನೂನಿನ ದೃಷ್ಟಿಯಲ್ಲಿ ಅವರದಲ್ಲ, ಸಿಂಹಾಸನಕ್ಕೆ ಸೇರಿದುದೆಂದು ಅಧ್ಯಾಪಕರಿಬ್ಬರೂ ಸಂಕೋಚದಿಂದ ತಿಳಿಸಬೇಕಾಯಿತು. ಮಾಬೋ ಅವರಿಗೆ ನಂಬಲಾಗಲಿಲ್ಲ. ತಲೆಮಾರುಗಳಿಂದ ಬಂದ ನೆಲವನ್ನು ಯಾರು, ಎಂದು, ಹೇಗೆ ಕಸಿದರು? ಕಸಿದುದು ಗೊತ್ತಾಗದಂತೆ ಕಸಿಯುವುದೂ ಸಾಧ್ಯವೇ?

ನ್ಯಾಯಸ್ಥಾನದಲ್ಲಿ ಆಸೆ ಪಡುವಂತಹ ಕಾಲವೂ ಅಲ್ಲ ಅದು. ಉತ್ತರದ ಗೋವ್ ಪ್ರದೇಶದ ಯೋಲ್ನು ಜನರು ತಮ್ಮ ನೆಲದಲ್ಲಿ ಗಣಿ ತೋಡುವುದರ ವಿರುದ್ಧ 1963ರಲ್ಲಿ ಮರದ ತೊಗಟೆಯ ಮೇಲೆ ಅರ್ಜಿ ಬರೆದು ಪಾರ್ಲಿಮೆಂಟಿಗೆ ಕಳುಹಿಸಿದ್ದರು. ಅನಂತರ ನ್ಯಾಯಾಲಯಕ್ಕೂ ಹೋದರು. ಅವರಲ್ಲಿ ಸುವ್ಯವಸ್ಥಿತವಾದ ಕಾನೂನಿದೆಯೆಂದು 1971ರಲ್ಲಿ ನ್ಯಾಯಾಧೀಶರು ಒಪ್ಪಿದರು. ಆದರೆ ಅದರಿಂದ ನೆಲದ ಹಕ್ಕು ಹುಟ್ಟುವುದಿಲ್ಲವೆಂದು ತೀರ್ಪಿತ್ತರು.

ಇಷ್ಟಾದರೂ 1982ರ ಮೇ ತಿಂಗಳಲ್ಲಿ ಮಾಬೋ ಮತ್ತು ಇತರ ನಾಲ್ವರು ಮೆರಿಯಮ್ ಜನರು ದಾವೆ ಹೂಡಿದರು. ಹೈಕೋರ್ಟೆಂದು ಹೆಸರಾದರೂ ಆ ದೇಶದಲ್ಲಿ ಅದೇ ಅತ್ಯುಚ್ಚ ನ್ಯಾಯಾಲಯ. ವಿಚಾರಣೆ ನಡೆಯುತ್ತಿರುವಾಗಲೇ, 1985ರಲ್ಲಿ, ಕ್ವೀನ್ಸ್‌ಲೆಂಡ್ ಸರ್ಕಾರವು ದ್ವೀಪಗಳಲ್ಲಿನ ಹಳೆಯ ಹಕ್ಕುಗಳೆಲ್ಲವೂ ಪರಿಹಾರವಿಲ್ಲದೆ ಅಳಿದಿವೆಯೆಂದು ಶಾಸನ ಮಾಡಿತು. ಅದು ಜನಾಂಗಭೇದಕ್ಕೆ ವಿರುದ್ಧವಾದ 1975ರ ಕಾಯಿದೆಗೆ ಹೊಂದದೆಂದು ಹೈಕೋರ್ಟು 1988ರಲ್ಲಿ ತಳ್ಳಿಹಾಕಿತು. ನಾಲ್ವರು ಒಂದು ಕಡೆ, ಮೂವರು ಇನ್ನೊಂದು ಕಡೆ. ಮತ್ತೊಬ್ಬ ನ್ಯಾಯಾಧೀಶರು ಅತ್ತಿತ್ತ ವಾಲಿದ್ದರೆ ಕಥೆಯು ಅಲ್ಲಿಗೇ ಮುಗಿಯುತ್ತಿತ್ತು.

ಸಾಕ್ಷ್ಯವನ್ನು ಕೇಳಲು ನ್ಯಾಯಾಲಯವು ಮೆರ್ ದ್ವೀಪಕ್ಕೂ ಹೋಯಿತು. ಹಿರಿಯರು ತಮ್ಮ ತೋಟಗಳ ವಂಶಕ್ರಮವನ್ನು ಬಾಯಿಯಿಂದಲೇ ಹೇಳಿದರು. ಆದರೆ ಮಾಬೋ ಅವರ ಸ್ವಂತ ಹಕ್ಕನ್ನೂ ದತ್ತುಸಂಬಂಧವನ್ನೂ ಕುರಿತ ಹೇಳಿಕೆಯನ್ನು ವಿಚಾರಣೆಯ ನ್ಯಾಯಾಧೀಶರು 1990ರಲ್ಲಿ ಒಪ್ಪಲಿಲ್ಲ. ತಮ್ಮ ಪಾಲಿನ ಮಾತು ಬಿದ್ದುಹೋದರೂ ದಾವೆಯು ನಿಲ್ಲಲಿಲ್ಲ. ಜೊತೆಯ ವಾದಿಗಳ ಹೆಸರಿನಲ್ಲಿ ಮುಂದುವರಿಯಿತು. ಒಬ್ಬ ವಾದಿನಿ ನಡುವೆಯೇ ತೀರಿಕೊಂಡಿದ್ದರು. 1992ರ ಜನವರಿ 21ರಂದು, 55ನೆಯ ವಯಸ್ಸಿನಲ್ಲಿ, ಮಾಬೋ ಅವರೂ ಅರ್ಬುದರೋಗದಿಂದ ಕಣ್ಣುಮುಚ್ಚಿದರು. ಅದೇ ವರ್ಷ ಜೂನ್ 3ರಂದು ತೀರ್ಪು ಹೊರಬಿದ್ದಿತು. ಏಳು ಮಂದಿ ನ್ಯಾಯಾಧೀಶರಲ್ಲಿ ಆರು ಮಂದಿ, ಆ ಖಂಡವು ಎಂದೂ ಯಾರದೂ ಅಲ್ಲದ ನೆಲವಾಗಿರಲಿಲ್ಲ, ಮೂಲನಿವಾಸಿಗಳ ಹಕ್ಕು ಆಂಗ್ಲರು ಬಂದ ಮಾತ್ರಕ್ಕೆ ಅಳಿಯಲಿಲ್ಲ ಎಂದರು. ಮೆರ್ ದ್ವೀಪವು ಮೆರಿಯಮ್ ಜನರದೆಂದು ಸಾರಿದರು.

ತಮ್ಮ ಮನೆಯ ಹಿತ್ತಿಲೂ ಕೈಬಿಟ್ಟುಹೋಗುವುದೆಂದು ಬಿಳಿಯರಲ್ಲಿ ಹಲವರು ಗಾಬರಿಗೊಂಡರು. ಆದರೆ ಹಾಗಾಗುವ ಸಂಭವವೇ ಇರಲಿಲ್ಲ. ಸರ್ಕಾರವು ಖಾಸಗಿಯವರಿಗೆ ಪೂರ್ಣ ಒಡೆತನವಿತ್ತ ನೆಲದಲ್ಲಿ ಹಳೆಯ ಹಕ್ಕು ಅಳಿದಿದೆಯೆಂದು ತೀರ್ಪೇ ಹೇಳಿತ್ತು. ಉಳಿದ ಕಡೆಗಳಲ್ಲಿ, ನೆಲದೊಡನೆ ಪೂರ್ವಿಕರ ಕಾಲದ ಸಂಬಂಧವು ಕಡಿಯದೆ ನಡೆದು ಬಂದಿದೆಯೆಂದು ಮೂಲನಿವಾಸಿಗಳೇ ಸಿದ್ಧಪಡಿಸಬೇಕು. ತೀರ್ಪನ್ನು ಅನುಸರಿಸಿ 1993ರಲ್ಲಿ ಶಾಸನವಾಯಿತು. ಅನೇಕ ಜನಾಂಗಗಳಿಗೆ ವಿಶಾಲವಾದ ಪ್ರದೇಶಗಳಲ್ಲಿ ಹಕ್ಕು ದೊರೆಯಿತು. ಮರೆ ನದಿಯ ಬಯಲಿನ ಯೋರ್ಟಾ ಯೋರ್ಟಾ ಜನರಿಗೆ ಮಾತ್ರ, ಅವರ ಸಂಪ್ರದಾಯದ ಎಳೆಯು ಹತ್ತೊಂಬತ್ತನೆಯ ಶತಮಾನದಲ್ಲಿಯೇ ಕಡಿದಿದೆಯೆಂಬ ಕಾರಣದಿಂದ, 2002ರಲ್ಲಿ ಸೋಲಾಯಿತು. ಎಳೆಯನ್ನು ಕಡಿದವರು ಯಾರು? ದೂರದ ದ್ವೀಪದಲ್ಲಿ ಯಾರ ಕಣ್ಣಿಗೂ ಬೀಳದೆ ಉಳಿದವರು ಗೆದ್ದರು. ಫಲವತ್ತಾದ ಬಯಲಿನಿಂದ ಮೊದಲೇ ಹೊರದೂಡಲ್ಪಟ್ಟವರು ಸೋತರು. ಹೆಚ್ಚು ಕಳೆದುಕೊಂಡವರಿಗೆ ಕಡಿಮೆ ದೊರೆಯುವ ಈ ನ್ಯಾಯವು ಇಂದಿಗೂ ಅಲ್ಲಿನ ವಿಚಾರವಂತರನ್ನು ಕಾಡುತ್ತಿದೆ.

ಮನಸ್ಸುಗಳು ತೀರ್ಪಿನಷ್ಟು ಬೇಗ ಬದಲಾಗುವುದಿಲ್ಲ. 1995ರ ಜೂನ್‌ನಲ್ಲಿ ಟೌನ್ಸ್‌ವಿಲ್‌ನಲ್ಲಿ ಮಾಬೋ ಅವರ ಸಮಾಧಿಶಿಲೆಯನ್ನು ಅನಾವರಣಗೊಳಿಸಿದ ರಾತ್ರಿಯೇ ಕಿಡಿಗೇಡಿಗಳು ಅದನ್ನು ವಿರೂಪಗೊಳಿಸಿ ಜನಾಂಗದ್ವೇಷದ ಮಾತುಗಳನ್ನು ಬರೆದರು. 2023ರ ಅಕ್ಟೋಬರ್‌ನಲ್ಲಿ, ಮೂಲನಿವಾಸಿಗಳಿಗಾಗಿ ಸಲಹಾಸಭೆಯೊಂದನ್ನು ಸಂವಿಧಾನದಲ್ಲಿ ಸೇರಿಸುವ ಸೂಚನೆಯನ್ನು ನೂರಕ್ಕೆ 60ರಷ್ಟು ಮತದಾರರು ತಿರಸ್ಕರಿಸಿದರು.

ಸಮಾಧಿಯು ಹಾಳಾದ ಮೇಲೆ ಕುಟುಂಬದವರು ದೇಹವನ್ನು ಮೆರ್ ದ್ವೀಪಕ್ಕೆ ಒಯ್ದು ಅಲ್ಲಿಯ ವಿಧಿಯಂತೆ ಮಣ್ಣುಮಾಡಿದರು. ಸಾಯುತ್ತಿದ್ದ ತಂದೆಯನ್ನು ಕಾಣಲು ಅಪ್ಪಣೆ ಸಿಗದಿದ್ದ ನೆಲಕ್ಕೆ ಮಗನು ಕೊನೆಗೂ ಹಿಂದಿರುಗಿದನು. ಈ ಸಲ ಅಪ್ಪಣೆಯನ್ನು ಕೊಡಬೇಕಾದವರು ದ್ವೀಪದವರೇ ಆಗಿದ್ದರು.