ಹೊಳೆಯಲ್ಲಿ ತೊಳೆದ ಹುಣಸೆಹಣ್ಣು ಯಾವುದು?

ಮುಂಬಯಿ ಕನ್ನಡಿಗರ ಯಾವ ಗೃಹಪ್ರವೇಶಕ್ಕೆ ಹೋದರೂ ಸತ್ಯನಾರಾಯಣ ಪೂಜೆಯ ಪ್ರಸಾದ ಕೈಗೆ ಬರುವ ಮೊದಲೇ ಕಿವಿಗೆ ಬೀಳುವ ಪ್ರಶ್ನೆ ಒಂದೇ: 'ಕಂತು ಎಷ್ಟು ಬಿತ್ತು?' ಯಜಮಾನರು ಒಂದು ಅಂಕಿ ಹೇಳುತ್ತಾರೆ. ಕೇಳಿದವರು ಮನಸ್ಸಿನಲ್ಲೇ ಅವರ ಸಂಬಳವನ್ನು ಅಂದಾಜು ಮಾಡಿ, 'ಅಡ್ಡಿಯಿಲ್ಲ, ಬಾಡಿಗೆ ಕೊಡುವುದೆಂದರೆ ಹೊಳೆಯಲ್ಲಿ ಹುಣಸೆಹಣ್ಣು ತೊಳೆದ ಹಾಗೆ. ನೀವು ಒಳ್ಳೆಯ ಕೆಲಸ ಮಾಡಿದಿರಿ' ಎಂದು ಹರಸುತ್ತಾರೆ. ಒಟ್ಟು ಎಷ್ಟು ಕಟ್ಟಬೇಕಾಗುತ್ತದೆ ಎಂದು ಕೇಳಿದವರನ್ನು ನಾವು ಈ ನಗರಕ್ಕೆ ಬಂದ ಇಪ್ಪತ್ತು ವರ್ಷಗಳಲ್ಲಿ ಒಮ್ಮೆಯೂ ಕಂಡಿಲ್ಲ. ಶುಭ ಮುಹೂರ್ತದಲ್ಲಿ ಅಂಥ ಪ್ರಶ್ನೆ ಅಪಶಕುನವೆಂದೇ ನಮ್ಮ ನಂಬಿಕೆಯಿರಬೇಕು. ಈ ಬರಹದ ಜಗಳವಿರುವುದು ಆ ಮೌನದ ಜೊತೆಗೆ.

ಅಪಶಕುನವನ್ನು ಮೊದಲು ನುಡಿದುಬಿಡೋಣ. 50 ಲಕ್ಷ ರೂಪಾಯಿ ಸಾಲ, ಶೇಕಡಾ 8.5 ಬಡ್ಡಿ, 20 ವರ್ಷದ ಅವಧಿ: ತಿಂಗಳ ಕಂತು 43,391 ರೂಪಾಯಿ. 240 ಕಂತು ಮುಗಿಯುವ ಹೊತ್ತಿಗೆ ಕೈಬಿಟ್ಟ ಹಣ 1 ಕೋಟಿ 4 ಲಕ್ಷಕ್ಕೂ ಮಿಕ್ಕಿ. ಅಂದರೆ ಅಸಲು 50, ಬಡ್ಡಿ 54. ಮೊದಲ ತಿಂಗಳ 43,391ರಲ್ಲಿ 35,417 ಬಡ್ಡಿಗೇ ಹೋಗುತ್ತದೆ. ಅಸಲಿನ ಪಾಲಿಗೆ ಉಳಿಯುವುದು 8,000ಕ್ಕೂ ಕಡಿಮೆ. ಐದು ವರ್ಷ ಒಂದು ಕಂತೂ ತಪ್ಪಿಸದೆ 26 ಲಕ್ಷ ಕಟ್ಟಿದವರ ಅಸಲು ಇಳಿದಿರುವುದು 6 ಲಕ್ಷದಷ್ಟೂ ಅಲ್ಲ. ಸಾಲ ಅರ್ಧಕ್ಕೆ ಇಳಿಯಲು ಹತ್ತು ವರ್ಷ ಸಾಕೆಂದು ನಮ್ಮಲ್ಲಿ ಬಹಳ ಮಂದಿ ತಿಳಿದಿದ್ದಾರೆ. ಅದಕ್ಕೆ ಬೇಕಾಗುವುದು ಸುಮಾರು 13 ವರ್ಷ 10 ತಿಂಗಳು.

ಇನ್ನು ಅವಧಿಯ ಮಾಯೆ. ಅದೇ ಸಾಲವನ್ನು 30 ವರ್ಷಕ್ಕೆ ಎಳೆದರೆ ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ 5,000 ಉಳಿಯಿತೆಂದು ನಾವು ಹಿಗ್ಗುತ್ತೇವೆ. ಬಡ್ಡಿ ಮಾತ್ರ 54 ಲಕ್ಷದಿಂದ 88 ಲಕ್ಷಕ್ಕೆ ಏರಿರುತ್ತದೆ. ದಾದರಿನ ಮಾರುಕಟ್ಟೆಯಲ್ಲಿ ಕೊತ್ತಂಬರಿ ಕಟ್ಟಿನ ಮೇಲೆ ಐದು ರೂಪಾಯಿ ಬಿಡಿಸಿಕೊಳ್ಳದೆ ಕದಲದ ನಾವು, 34 ಲಕ್ಷದ ಈ ವ್ಯವಹಾರಕ್ಕೆ ಸಹಿ ಹಾಕಲು ಅರ್ಧ ದಿನದ ಸಿ.ಎಲ್. ಹಾಕಿ ಹೋಗಿ ಬರುತ್ತೇವೆ.

ಇಂಗ್ಲಿಷ್ ಸಾಹಿತ್ಯ ಓದಿ ಸರ್ಕಾರಿ ಕಡತ ತಿದ್ದುತ್ತಿರುವವರಿಗೆ ಪದಗಳ ಬೇರು ಕೆದಕುವ ದುರಭ್ಯಾಸ ಇದ್ದೇ ಇರುತ್ತದೆ. 'ಮಾರ್ಟ್‌ಗೇಜ್' ಎಂಬುದು ಹಳೆಯ ಫ್ರೆಂಚಿನಿಂದ ಬಂದ ಪದ. ಅರ್ಥ 'ಸತ್ತ ಒತ್ತೆ'. ನಮ್ಮಲ್ಲಿ ಅಡವು, ಒತ್ತೆ, ಭೋಗ್ಯ ಎಂಬ ಮಾತುಗಳಿದ್ದವು. ಭೋಗ್ಯಕ್ಕೆ ಹಾಕಿದ ತೋಟದ ಅಡಿಕೆ ಸಾಹುಕಾರನ ಗಾಡಿ ಏರುವುದನ್ನು ಸಾಲಗಾರ ಕಣ್ಣಾರೆ ನೋಡುತ್ತಿದ್ದ. ತಾನು ತೆರುತ್ತಿರುವುದೇನೆಂದು ಅವನಿಗೆ ಯಾರೂ ವಿವರಿಸಬೇಕಿರಲಿಲ್ಲ. 'ಗೃಹಸಾಲ' ಎಂಬ ಹೊಸ ಪದ ಆ ಅಡವನ್ನು ಮರೆಮಾಡಿದೆ. ಬಾಗಿಲಿಗೆ ನಮ್ಮ ಹೆಸರಿನ ಫಲಕ, ಹೊಸ್ತಿಲಿಗೆ ನಮ್ಮ ರಂಗೋಲಿ. ಮೂಲಪತ್ರ ಮಾತ್ರ ಬ್ಯಾಂಕಿನ ತಿಜೋರಿಯಲ್ಲಿ. ಬರಿಯ ಪತ್ರವನ್ನು ಒಪ್ಪಿಸಿ ಆಸ್ತಿಯನ್ನು ಅಡವಿಡುವ ಈ ಪದ್ಧತಿಗೆ 1882ರ ಸ್ವತ್ತು ವರ್ಗಾವಣೆ ಕಾಯಿದೆ ಅವಕಾಶ ಕೊಟ್ಟಾಗ ಅದರಲ್ಲಿ ಹೆಸರಿಸಿದ್ದ ನಗರಗಳಲ್ಲಿ ಮುಂಬಯಿಯೂ ಒಂದು. 2002ರ ಸರ್ಫೇಸಿ ಕಾಯಿದೆಯ ನಂತರ, ಸಾಲ ಕೆಟ್ಟಿತೆಂದು ಘೋಷಿಸಿ 60 ದಿನದ ನೋಟಿಸು ಕೊಟ್ಟರೆ ಮನೆಯನ್ನು ವಶಪಡಿಸಿಕೊಳ್ಳಲು ಬ್ಯಾಂಕು ಮೊದಲು ಸಿವಿಲ್ ದಾವೆ ಹೂಡಬೇಕಾಗಿಯೂ ಇಲ್ಲ.

ನಮ್ಮದೇ ಕತೆ ಹೇಳದೆ ಊರವರಿಗೆ ಉಪದೇಶ ಮಾಡುವುದು ಸಲ್ಲ. 2021ರಲ್ಲಿ, ಬಡ್ಡಿ ಶೇಕಡಾ 6.75ಕ್ಕೆ ಇಳಿದಿದ್ದಾಗ, ಡೊಂಬಿವಲಿಯಲ್ಲಿ ಎರಡು ಕೋಣೆಯ ಮನೆಗೆಂದು 35 ಲಕ್ಷ ಸಾಲ ಮಾಡಿದೆವು. ಅವಧಿ 18 ವರ್ಷ. ನಿವೃತ್ತಿಗೆ ಎರಡು ವರ್ಷ ಮೊದಲೇ ಋಣಮುಕ್ತರಾಗುವ ಲೆಕ್ಕಾಚಾರ. ಕಂತು 28,000 ಚಿಲ್ಲರೆ. 2022ರ ಮೇ ತಿಂಗಳಿನಿಂದ 2023ರ ಫೆಬ್ರವರಿಯೊಳಗೆ ರಿಸರ್ವ್ ಬ್ಯಾಂಕು ರೆಪೊ ದರವನ್ನು ಶೇಕಡಾ 4ರಿಂದ 6.5ಕ್ಕೆ ಏರಿಸಿತು. ಪತ್ರಿಕೆಯಲ್ಲಿ ಓದಿದೆವು, ನಮ್ಮ ಕಂತು ಒಂದು ರೂಪಾಯಿಯೂ ಹೆಚ್ಚಾಗದ್ದನ್ನು ಕಂಡು ಸುಮ್ಮನಾದೆವು. ಆ ವರ್ಷ ಆದಾಯ ತೆರಿಗೆಗೆಂದು ಸಾಲದ ವಿವರ ತರಿಸಿದಾಗ 'ಉಳಿದ ಕಂತುಗಳು' ಎಂಬ ಸಾಲಿನಲ್ಲಿ ಇರಬೇಕಾದದ್ದು 198. ಇದ್ದದ್ದು 330ನ್ನು ದಾಟಿತ್ತು. ಅಚ್ಚಿನ ತಪ್ಪಿರಬೇಕೆಂದು ಶಾಖೆಗೆ ಹೋದೆವು. ಅಲ್ಲಿದ್ದ ಹುಡುಗ ಬಹಳ ಸೌಜನ್ಯದಿಂದ, 'ನಿಮ್ಮ ಇಎಂಐ ಏರದಂತೆ ನೋಡಿಕೊಂಡಿದ್ದೇವಲ್ಲ ಸರ್' ಎಂದ.

ಅವನ ಲೆಕ್ಕದಲ್ಲಿ ತಪ್ಪೇನೂ ಇರಲಿಲ್ಲ. ದರ ಎರಡೂವರೆ ಏರಿದಾಗ ನಮ್ಮ 28,000ದಲ್ಲಿ ಸುಮಾರು 26,000 ಬಡ್ಡಿಗೇ ಬೇಕಾಗುತ್ತಿತ್ತು; ಅಸಲನ್ನು ಕಡಿಯಲು ಉಳಿದದ್ದು ಒಂದೆರಡು ಸಾವಿರ. ಅರವತ್ತಕ್ಕೆ ನಿವೃತ್ತಿ, ಅರವತ್ತೊಂಬತ್ತರವರೆಗೂ ತೀರದ ಸಾಲ. ನಮ್ಮ ಜೀವಮಾನದ ಹನ್ನೊಂದು ವರ್ಷವನ್ನು ನಮಗೊಂದು ಮಾತು ತಿಳಿಸದೆ ಯಾವುದೋ ಗಣಕಯಂತ್ರ ಬರೆದುಕೊಂಡಿತ್ತು. ಕಂತು ಏರಿಸಿದ್ದರೆ ಅದೇ ತಿಂಗಳು ನೋವಾಗುತ್ತಿತ್ತು, ಎಚ್ಚರವೂ ಆಗುತ್ತಿತ್ತು. ಇಡೀ ವ್ಯವಸ್ಥೆಯ ಜಾಣತನವಿರುವುದು ನೋವಾಗದಂತೆ ಕೊಯ್ಯುವುದರಲ್ಲಿ. 2023ರ ಆಗಸ್ಟಿನಲ್ಲಿ ರಿಸರ್ವ್ ಬ್ಯಾಂಕೇ ಸುತ್ತೋಲೆ ಹೊರಡಿಸಿ, ದರ ಬದಲಾದಾಗ ಕಂತು ಏರಿಸಬೇಕೋ ಅವಧಿ ಹಿಗ್ಗಿಸಬೇಕೋ ಎಂದು ಸಾಲಗಾರನನ್ನು ಕೇಳಬೇಕೆಂದು ವಿಧಿಸಬೇಕಾಯಿತೆಂದರೆ ಈ ಅನುಭವ ನಮ್ಮೊಬ್ಬರದೇ ಆಗಿರಲಿಲ್ಲವೆಂದಾಯಿತು. 2025ರಲ್ಲಿ ದರ ಇಳಿಯಿತು. ಇಳಿದಾಗಲೂ ಶಾಖೆಗೆ ಅಲೆದವರು ನಾವೇ.

ಹಿಂದಿನ ಕಾಲದ ಸಾಹುಕಾರನನ್ನು ಹೊಗಳುವ ಉದ್ದೇಶ ನಮಗಿಲ್ಲ. ಆದರೂ ಒಂದು ಮಾತು. ನಮ್ಮ ಉತ್ತರ ಕನ್ನಡ 1862ರಿಂದ ಮುಂಬಯಿ ಪ್ರಾಂತಕ್ಕೆ ಸೇರಿತ್ತು. ಆ ಪ್ರಾಂತದ ನ್ಯಾಯಾಲಯಗಳು ಹಿಂದೂಗಳ ಸಾಲಕ್ಕೆ 'ದಾಮದುಪ್ಪಟ್' ಎಂಬ ಹಳೆಯ ಧರ್ಮಶಾಸ್ತ್ರದ ನಿಯಮವನ್ನು ಅನ್ವಯಿಸುತ್ತಿದ್ದವು: ಒಂದೇ ಸಲಕ್ಕೆ ವಸೂಲು ಮಾಡುವ ಬಾಕಿ ಬಡ್ಡಿ ಅಸಲನ್ನು ಮೀರಕೂಡದು. ತಿಂಗಳು ತಿಂಗಳೂ ಬಡ್ಡಿ ಕಟ್ಟಿಸಿಕೊಳ್ಳುವ ಇಂದಿನ ಸಾಲಕ್ಕೆ ಅದು ತಾಗುವುದಿಲ್ಲವೆಂಬುದನ್ನು ಬಲ್ಲೆವು. ಬ್ಯಾಂಕಿನ ಬಡ್ಡಿದರ ಅತಿಯಾಯಿತೆಂಬ ಕಾರಣಕ್ಕೆ ನ್ಯಾಯಾಲಯ ಲೆಕ್ಕವನ್ನು ಮತ್ತೆ ತೆರೆಯುವಂತಿಲ್ಲವೆಂದು 1984ರಿಂದ ಕಾನೂನೇ ಇದೆ. ನಾವು ಗಮನಿಸುವುದು ಇಷ್ಟನ್ನೇ: ಬಡ್ಡಿಯನ್ನು ಅಸಲಿನ ಪಕ್ಕದಲ್ಲಿಟ್ಟು ಅಳೆಯುವ ರೂಢಿ ನಮ್ಮ ಹಿರಿಯರಿಗಿತ್ತು. ನಾವು ಬಡ್ಡಿಯನ್ನು ಸಂಬಳದ ಪಕ್ಕದಲ್ಲಿಟ್ಟು ಅಳೆಯುತ್ತಿದ್ದೇವೆ.

ಎದುರುವಾದಗಳನ್ನು ಬಲ್ಲೆವು, ವಾಣಿಜ್ಯ ಓದಿದ ಗೆಳೆಯರು ನಮಗೂ ಇದ್ದಾರೆ. ಇಪ್ಪತ್ತು ವರ್ಷದ ನಂತರದ 43,000 ಇಂದಿನ 43,000 ಅಲ್ಲ, ರೂಪಾಯಿ ಸವೆಯುತ್ತದೆ, ಸಂಬಳ ಬೆಳೆಯುತ್ತದೆ ಎನ್ನುತ್ತಾರೆ. ಇದು ಸರಿಯಾದ ವಾದ. ಆದರೆ ರೂಪಾಯಿ ಸವೆಯುವುದನ್ನು ಸಾಲ ಕೊಟ್ಟವರೂ ಬಲ್ಲರು. ಅದನ್ನು ಸೇರಿಸಿಯೇ ಬಡ್ಡಿಯನ್ನು ಗೊತ್ತುಮಾಡಿರುತ್ತಾರೆ. ಕಂತು ಅತಿ ಭಾರವಾಗಿರುವುದು ಸಂಬಳ ಚಿಕ್ಕದಿದ್ದು ಮಕ್ಕಳೂ ಚಿಕ್ಕವರಿರುವ ಮೊದಲ ವರ್ಷಗಳಲ್ಲಿ. ಬಡ್ಡಿಯ ಬಹುಪಾಲು ಹೋಗುವುದೂ ಆಗಲೇ. ಮನೆಯ ಬೆಲೆ ಏರುತ್ತದಲ್ಲ ಎನ್ನುವವರು ಇನ್ನೂ ಹೆಚ್ಚು. ಒಂದು ಕೋಟಿಗೆ ಕೊಂಡ ಮನೆ ಇಪ್ಪತ್ತು ವರ್ಷಕ್ಕೆ ಎರಡೂವರೆ ಕೋಟಿಯಾಯಿತೆನ್ನಿ. ಒಂದೂವರೆ ಕೋಟಿ ಲಾಭವೆಂದು ಊರಿಗೆ ಫೋನು ಹೋಗುತ್ತದೆ. 80 ಲಕ್ಷ ಸಾಲಕ್ಕೆ 8.5ರಂತೆ ತೆತ್ತ 86 ಲಕ್ಷ ಬಡ್ಡಿ, ಮುಂಬಯಿಯ ಶೇಕಡಾ 6 ಸ್ಟ್ಯಾಂಪ್ ಡ್ಯೂಟಿ ಎಂದು 6 ಲಕ್ಷ, ನೋಂದಣಿಯ 30,000, ತಿಂಗಳಿಗೆ 5,000ದಂತೆ ಸೊಸೈಟಿಗೆ ಸುರಿದ 12 ಲಕ್ಷ ಇವನ್ನೆಲ್ಲ ಕಳೆದರೆ ಉಳಿಯುವುದು 45 ಲಕ್ಷದ ಆಸುಪಾಸು. ಕೊಡದೆ ಉಳಿದ ಬಾಡಿಗೆಯನ್ನು ಅದಕ್ಕೆ ಸೇರಿಸಿಕೊಳ್ಳಲಿ, ಬೇಡವೆನ್ನುವುದಿಲ್ಲ. ಹಾಗೆಯೇ ಮುಂಗಡವಾಗಿ ಕೊಟ್ಟ 20 ಲಕ್ಷ ಬೇರೆಡೆ ಬೆಳೆಯಬಹುದಾಗಿದ್ದನ್ನೂ ಕಳೆಯಲಿ. ಲೆಕ್ಕ ಪೂರ್ತಿಯಾದ ಮೇಲೆ ಮನೆ ಕೊಳ್ಳುವುದೇ ಮೇಲೆಂದು ಕಂಡರೆ ಕೊಳ್ಳಲಿ. ನಾವೂ ಕೊಂಡವರೇ. ಹನ್ನೊಂದು ತಿಂಗಳಿಗೊಮ್ಮೆ ಗ್ಯಾಸ್ ಸಿಲಿಂಡರು, ದೇವರಪೆಟ್ಟಿಗೆ ಹೊತ್ತು ಮನೆ ಬದಲಿಸುವ ಅವಮಾನ ಏನೆಂಬುದು ನಮಗೆ ಗೊತ್ತು. ನಮ್ಮ ಆಕ್ಷೇಪವಿರುವುದು ಬಾಡಿಗೆದಾರರನ್ನು ದಡ್ಡರೆಂದು ಕರೆಯುವ ಅಹಂಕಾರದ ಬಗ್ಗೆ. ಬಾಡಿಗೆ ಹೊಳೆಗೆ ಹೋದ ಹುಣಸೆಹಣ್ಣಾದರೆ, ಮೊದಲ ತಿಂಗಳ 35,417 ರೂಪಾಯಿ ಯಾವ ಹೊಳೆಗೆ ಹೋಯಿತು?

ಸಾಲವನ್ನು ಬೇರೆ ರೀತಿಯಲ್ಲೂ ಕಟ್ಟಬಹುದೆಂಬುದಕ್ಕೆ ನಮ್ಮ ಇಲಾಖೆಯಲ್ಲೇ ಉದಾಹರಣೆಯಿದೆ. ಕೇಂದ್ರ ಸರ್ಕಾರದ ಗೃಹ ನಿರ್ಮಾಣ ಮುಂಗಡದಲ್ಲಿ ಸರಳ ಬಡ್ಡಿ. ಮೊದಲು ಅಸಲನ್ನು 180 ಕಂತುಗಳೊಳಗೆ ತೀರಿಸಿ, ಬಡ್ಡಿಯನ್ನು ಆಮೇಲೆ 60 ಕಂತುಗಳೊಳಗೆ ಕಟ್ಟಬೇಕು. 2022-23ರಲ್ಲಿ ಅದರ ದರ ಶೇಕಡಾ 7.1 ಇತ್ತು. ಆ ದರದಲ್ಲಿ 25 ಲಕ್ಷಕ್ಕೆ ಒಟ್ಟು ಬಡ್ಡಿ ಸುಮಾರು 13 ಲಕ್ಷ 40 ಸಾವಿರ. ಅದೇ ದರ, ಅದೇ 20 ವರ್ಷಕ್ಕೆ ಬ್ಯಾಂಕಿನ ಕಂತಿನ ಕ್ರಮದಲ್ಲಿ 21 ಲಕ್ಷ 88 ಸಾವಿರ. ಆದರೆ 2017ರ ನಿಯಮದಲ್ಲಿ ಮುಂಗಡದ ಮಿತಿ 25 ಲಕ್ಷಕ್ಕೇ ನಿಂತಿತು. ಆ ಮೊತ್ತಕ್ಕೆ ಮುಂಬಯಿಯಲ್ಲಿ ಮನೆಯ ಕನಸು ಬೀಳಬಹುದು, ಅಷ್ಟೆ. ನಾವೂ ಅರ್ಜಿಯ ರಗಳೆಗೆ ಬೇಸತ್ತು ಬ್ಯಾಂಕಿಗೆ ಹೋದವರೇ. ಆ ಸೋಮಾರಿತನಕ್ಕೆ ತೆತ್ತದ್ದೆಷ್ಟೆಂದು ಮನೆಯಲ್ಲಿ ಇನ್ನೂ ಬಾಯಿಬಿಟ್ಟಿಲ್ಲ.

ಇನ್ನೂ ಹಿಂದೆ ಹೋದರೆ, ನಮ್ಮ ಕರಾವಳಿಯಿಂದ ಬಂದ ಚಿತ್ರಾಪುರ ಸಾರಸ್ವತರು ಇದೇ ನಗರದ ಗಾಮದೇವಿಯಲ್ಲಿ 1915ರಲ್ಲಿ ಸಹಕಾರಿ ಗೃಹಸಂಘ ಕಟ್ಟಿದರು. ಅದರ ಹಿಂದಿದ್ದವರು ಶ್ರೀಪಾದ ಸುಬ್ರಾವ್ ತಲ್ಮಕಿ. 1906ರಲ್ಲಿ ಶಾಮರಾವ್ ವಿಠ್ಠಲ ಸಹಕಾರಿ ಬ್ಯಾಂಕನ್ನು ಆರಂಭಿಸಿದವರೂ ಅವರೇ. ಗುಮಾಸ್ತರು, ಶಿಕ್ಷಕರು ಒಟ್ಟಾಗಿ ಕೂತು ಹಣದ ಲೆಕ್ಕವನ್ನು ಬಹಿರಂಗವಾಗಿ ಮಾಡುವ ಧೈರ್ಯ ತೋರಿದ ಕಾಲ ಅದು. ನಂತರ ಬಂದ ನಾವು ಸಂಘಗಳಲ್ಲಿ ಯಕ್ಷಗಾನ ಆಡಿಸಿದೆವು, ವಿಚಾರಸಂಕಿರಣ ಮಾಡಿದೆವು. ಮನೆಸಾಲದ ಲೆಕ್ಕವನ್ನು ಮಾತ್ರ ಕುಟುಂಬದ ಗುಟ್ಟಾಗಿ ಉಳಿಸಿಕೊಂಡೆವು.

ಆ ಗುಟ್ಟಿನಿಂದ ಹೋದದ್ದು ಬಡ್ಡಿ ಮಾತ್ರವಲ್ಲ. ನಮ್ಮ ಮನೆಯ ಮುಂಗಡಕ್ಕೆ ಕುಮಟಾ ಕಡೆಯ ತೆಂಗಿನ ತೋಟದ ನಮ್ಮ ಪಾಲು ಮಾರಾಟವಾಯಿತು. ಅಣ್ಣ ಕೇಳಿದ್ದ: 'ಎಷ್ಟು ವರ್ಷಕ್ಕೆ ಬಿಡುಗಡೆ?' ಹದಿನೆಂಟು ಎಂದಿದ್ದೆವು. ಈಗಲೂ ಊರಿಗೆ ಹೋದಾಗ ಅವನು ಒಂದು ಚೀಲ ಕಾಯಿ ಕಟ್ಟಿ ಕೊಡುತ್ತಾನೆ. ಯಾವ ಮರದ್ದೆಂದು ಕೇಳುವುದಿಲ್ಲ. ಶಾಖೆಯಲ್ಲಿ ಜಗಳವಾಡಿ, ಕಂತನ್ನು ಏರಿಸಿಕೊಂಡು, ತುಟ್ಟಿಭತ್ಯೆಯ ಬಾಕಿ ಬಂದಾಗಲೆಲ್ಲ ಅಸಲಿಗೆ ಸುರಿದು, ಅವಧಿಯನ್ನು ಮತ್ತೆ ಅರವತ್ತರ ಒಳಗೆ ತಂದದ್ದಾಯಿತು. ಬದಲಾಗುವ ದರದ ಗೃಹಸಾಲವನ್ನು ಮೊದಲೇ ತೀರಿಸಿದರೆ ಬ್ಯಾಂಕು ದಂಡ ಹಾಕುವಂತಿಲ್ಲವೆಂಬ ನಿಯಮ 2012ರಿಂದಲೇ ಇದೆ. ಮೇಲೆ ಹೇಳಿದ 50 ಲಕ್ಷದ ಸಾಲಕ್ಕೆ ಮೊದಲಿನಿಂದ ತಿಂಗಳಿಗೆ 5,000 ಹೆಚ್ಚು ಕಟ್ಟಿದರೆ 53 ತಿಂಗಳು ಮೊದಲೇ ಮುಗಿದು, ಸುಮಾರು 14 ಲಕ್ಷ ಉಳಿಯುತ್ತದೆ. ಇದನ್ನು ನಮಗೆ ಹೇಳಿದವರು ಬ್ಯಾಂಕಿನವರಲ್ಲ, ಬೆಳಗಿನ 8.12ರ ಲೋಕಲಿನಲ್ಲಿ ಜೊತೆಗೆ ನಿಲ್ಲುವ ಒಬ್ಬ ಮರಾಠಿ ಲೆಕ್ಕಪರಿಶೋಧಕರು.

ಕೊನೆಗೆ ನಮ್ಮ ಓದುಗರೊಡನೆಯೇ ಒಂದು ತಕರಾರು. ರಿಸರ್ವ್ ಬ್ಯಾಂಕಿನ ಆದೇಶದಂತೆ 2024ರ ಅಕ್ಟೋಬರ್ 1ರಿಂದ ಪ್ರತಿ ಹೊಸ ಗೃಹಸಾಲಕ್ಕೂ ಬ್ಯಾಂಕು ಒಂದು ಮುಖ್ಯಾಂಶಗಳ ಪತ್ರ ಕೊಡಬೇಕು. ಅದರಲ್ಲಿ ಎಲ್ಲ ಶುಲ್ಕಗಳನ್ನೂ ಸೇರಿಸಿದ ನಿಜವಾದ ವಾರ್ಷಿಕ ದರವಿರಬೇಕು, ಕಂತು ಕಂತಿನ ವೇಳಾಪಟ್ಟಿಯಿರಬೇಕು. ಅದು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು. ನಾಮಫಲಕದಲ್ಲಿ ಕನ್ನಡವಿಲ್ಲವೆಂದು, ರೈಲ್ವೆ ಪರೀಕ್ಷೆಯಲ್ಲಿ ಕನ್ನಡವಿಲ್ಲವೆಂದು ಮನವಿಪತ್ರ ಬರೆಯುವ ನಾವು, ಬದುಕಿನ ಅತಿ ದೊಡ್ಡ ಕಾಗದವನ್ನು ಕನ್ನಡದಲ್ಲಿ ಕೊಡಿ ಎಂದು ಯಾವ ಶಾಖೆಯಲ್ಲಿ ಕೇಳಿದ್ದೇವೆ? ಇಂಗ್ಲಿಷ್ ಎಂ.ಎ. ಮಾಡಿದ ನಮಗೇ ಆ ಇಂಗ್ಲಿಷ್ ಅರ್ಥವಾಗಿರಲಿಲ್ಲ. ಹದಿನಾರನೆಯ ವಯಸ್ಸಿಗೆ ಬಂದು ಹೋಟೆಲಿನಲ್ಲಿ ದುಡಿದು, ರಾತ್ರಿಶಾಲೆಯಲ್ಲಿ ಕನ್ನಡ ಕಲಿತು, ಈಗ ಕಲ್ಯಾಣದಲ್ಲೋ ವಸಯಿಯಲ್ಲೋ ಮನೆ ಕೊಳ್ಳುವವರಿಗೆ ಅದು ಅರ್ಥವಾಗುವುದೆಂತು?

ಮುಂದಿನ ತಿಂಗಳು ಬದ್ಲಾಪುರದಲ್ಲಿ ಅಂಥ ಗೆಳೆಯರೊಬ್ಬರು ಸಹಿ ಹಾಕಲಿದ್ದಾರೆ. ಸಾಲ 32 ಲಕ್ಷ. ಪತ್ರವನ್ನು ಕನ್ನಡದಲ್ಲಿ ಕೊಡಬೇಕೆಂದು ಬರಹದಲ್ಲಿ ಕೇಳಿ, ಸ್ವೀಕೃತಿಯ ಮೊಹರು ಹಾಕಿಸಿಕೊಂಡು ಬಂದಿದ್ದಾರೆ. ನೋಡೋಣ ಎಂದಿದ್ದಾರಂತೆ ಶಾಖೆಯವರು.