ಕೋಳಿ ಶೆಡ್ಡಿಗೆ ಹೂಂ ಅನ್ನುವ, ಒಲ್ಲೆ ಅನ್ನುವ ಹಕ್ಕು ಗ್ರಾಮಸಭೆಗೆ ಬೇಕು!

ಕಿಣ್ಣಿ ಸುಲ್ತಾನ ಮತ್ತು ಸುತ್ತಲಿನ ಊರುಗಳ ಅಣ್ಣತಮ್ಮಂದಿರೆ, ಅಕ್ಕತಂಗಿಯರೆ, ರೈತ ಬಾಂಧವರೆ,

ನಾಳೆ ಯಾರಾದರೂ ಕುಡಿಯುವ ನೀರಿನ ಬಾವಿಯ ಮಗ್ಗುಲಿಗೆ ನಾಲ್ಕೂವರೆ ಸಾವಿರ ಕೋಳಿಗಳ ಶೆಡ್ ಎಬ್ಬಿಸಿದರೆ ಕೇಳುವವರು ಯಾರು? ತಹಸೀಲ್ ಕಚೇರಿಗೆ ಹೋದರೆ ಎನ್‌ಎ (ಕೃಷಿಯೇತರ ಬಳಕೆಗೆ ಭೂ ಪರಿವರ್ತನೆ) ಬೇಕಾಗಿಲ್ಲ ಎಂಬ ಉತ್ತರ ಬರುತ್ತದೆ. 1961ರ ಕರ್ನಾಟಕ ಭೂ ಸುಧಾರಣಾ ಕಾಯ್ದೆಯ ಪ್ರಕಾರ ಕೋಳಿ ಸಾಕಣೆಯೂ ಹೈನುಗಾರಿಕೆಯೂ ಕೃಷಿಯೇ. ಕೋಳಿ ಸಾಕಣೆ ವಾಣಿಜ್ಯವಲ್ಲ, ಅದಕ್ಕೆ ಭೂ ಪರಿವರ್ತನೆ ಬೇಡ, ಗ್ರಾಮ ಪಂಚಾಯ್ತಿ ತೆರಿಗೆ ಹಾಕುವಂತಿಲ್ಲ ಎಂದು ನಮ್ಮ ಹೈಕೋರ್ಟ್ ಕೂಡ ತೀರ್ಪು ಕೊಟ್ಟಿದೆ. ಮಾಲಿನ್ಯ ನಿಯಂತ್ರಣ ಮಂಡಳಿಗೆ ಹೋದರೆ, ಕೇಂದ್ರ ಮಂಡಳಿಯ 2021ರ ಮಾರ್ಗಸೂಚಿಯಂತೆ ಸಮ್ಮತಿಪತ್ರ ಪಡೆಯಬೇಕಾದವರು ಐದು ಸಾವಿರ ಮತ್ತು ಅದಕ್ಕೆ ಮೇಲ್ಪಟ್ಟು ಕೋಳಿ ಸಾಕುವವರು ಮಾತ್ರ. ಉಳಿಯುವುದು ನಮ್ಮ ಪಂಚಾಯ್ತಿ. ಅದರ ಕೈಯನ್ನು ರಾಜ್ಯದ ಕಾನೂನು ಮೊದಲೇ ಕಟ್ಟಿಹಾಕಿದೆ.

ಸಂವಿಧಾನದ ಹನ್ನೊಂದನೆಯ ಅನುಸೂಚಿ ತೆರೆದು ನೋಡಿರಿ. ಪಂಚಾಯ್ತಿಗಳಿಗೆಂದು ಎಣಿಸಿದ 29 ವಿಷಯಗಳಲ್ಲಿ ನಾಲ್ಕನೆಯದೇ ಪಶುಸಂಗೋಪನೆ, ಹೈನುಗಾರಿಕೆ, ಕೋಳಿ ಸಾಕಣೆ. ಆರೋಗ್ಯ ಮತ್ತು ನೈರ್ಮಲ್ಯವೂ ಅದೇ ಪಟ್ಟಿಯಲ್ಲಿದೆ. ಆದರೆ ಅದರಲ್ಲಿ ಎಷ್ಟು ಅಧಿಕಾರ ಕೊಡಬೇಕೆಂದು ತೀರ್ಮಾನಿಸುವುದು ಬೆಂಗಳೂರು. ಚರಂಡಿ ಬಳಿಯುವ ಕೆಲಸ ನಮಗೆ, ಶೆಡ್ ಎಲ್ಲಿ ಬರಬೇಕು ಎಂಬ ಮಾತು ನಮಗಿಲ್ಲ. ಇದು ಅನ್ಯಾಯ.

ಹೊರಗೂ ಇದೇ ನಡೆದಿದೆ. ಅಮೆರಿಕದ ಮಿಸೌರಿ ರಾಜ್ಯ 2019ರಲ್ಲಿ ಕಾನೂನು ತಂದು, ದೊಡ್ಡ ಪಶು ಫಾರ್ಮ್‌ಗಳ ಮೇಲೆ ರಾಜ್ಯದ ನಿಯಮಕ್ಕಿಂತ ಬಿಗಿಯಾದ ನಿಯಮವನ್ನು ಅಲ್ಲಿನ ಕೌಂಟಿಗಳು ಹಾಕದಂತೆ ತಡೆಯಿತು.

ಕೋಳಿ ಸಾಕುವ ರೈತ ನಮ್ಮ ವೈರಿಯಲ್ಲ. ಮಳೆ ಕೈಕೊಟ್ಟು ತೊಗರಿ ಒಣಗಿದ ವರ್ಷ ಮನೆ ನಡೆಸಲು ಆತ ಶೆಡ್ ಹಾಕಿದರೆ ತಪ್ಪೇನು? ಆತನ ಗೊಬ್ಬರ ನಮ್ಮ ಹೊಲಕ್ಕೂ ಬೇಕು. ಆದರೆ ಗುತ್ತಿಗೆ ಸಾಕಣೆಯ ಲೆಕ್ಕ ನೋಡಿರಿ: ಮರಿ ಕಂಪನಿಯದು, ಮೇವು ಕಂಪನಿಯದು, ಬೆಳೆದ ಕೋಳಿ ಕಂಪನಿಯದು. ಹಿಕ್ಕೆ, ಸತ್ತ ಕೋಳಿ, ನಾತ ಮಾತ್ರ ರೈತನ ಪಾಲು, ಊರಿನ ಪಾಲು. ಹಸಿ ಹಿಕ್ಕೆ ರಾಶಿ ಬಿದ್ದರೆ ನಮ್ಮ ಬಿಸಿಲಿಗೆ ನೊಣದ ಮೊಟ್ಟೆ ವಾರ ಹತ್ತು ದಿನದಲ್ಲೇ ಹಾರುವ ನೊಣವಾಗುತ್ತದೆ. ಅನ್ನದ ತಟ್ಟೆ, ಅಂಗನವಾಡಿ, ಕೂಸಿನ ಮುಖ, ಯಾವುದನ್ನೂ ಅದು ಬಿಡುವುದಿಲ್ಲ. ಮಳೆಗಾಲದಲ್ಲಿ ಅದೇ ಹಿಕ್ಕೆಯ ನೀರು ಹಳ್ಳಕ್ಕೆ ಇಳಿಯುತ್ತದೆ. ನೀರಿನಲ್ಲಿ ನೈಟ್ರೇಟ್ ಹೆಚ್ಚಾದರೆ ಮೊದಲು ತೊಂದರೆ ಹಸುಗೂಸುಗಳಿಗೆ.

ಹಾಗಾದರೆ ಈಗ ಏನೂ ಮಾಡಲಾಗದೆ? ಮಾಡಬಹುದು. ತೆರಿಗೆಯ ಹಕ್ಕು ಹೋದರೂ ನೈರ್ಮಲ್ಯದ ಹೊಣೆ ಪಂಚಾಯ್ತಿಯಿಂದ ಹೋಗಿಲ್ಲ. ಜನರಿಗೆ ಉಪದ್ರವವಾದರೆ ತೆಗೆಸಲು ಆದೇಶಿಸುವ ಅಧಿಕಾರ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 152ನೇ ಕಲಮಿನಡಿ ಕಾರ್ಯನಿರ್ವಾಹಕ ದಂಡಾಧಿಕಾರಿಗಳಿಗಿದೆ. ಹಳೆಯ ಸಂಹಿತೆಯ 133ನೇ ಕಲಂ ಇದೇ. ದೊಡ್ಡ ಶೆಡ್ಡುಗಳಾದರೆ ಕಲಬುರಗಿಯ ಮಾಲಿನ್ಯ ಮಂಡಳಿ ಕಚೇರಿಗೆ ಬರೆಯಿರಿ. ಜನವಸತಿಯಿಂದ 500 ಮೀಟರ್, ಕುಡಿಯುವ ನೀರಿನ ಮೂಲದಿಂದ 100 ಮೀಟರ್ ದೂರ ಇರಬೇಕೆಂದು ಮಾರ್ಗಸೂಚಿಯೇ ಹೇಳುತ್ತದೆ. ಬಾಯಿಮಾತಿನ ದೂರು ಬೇಡ. ಬರೆದು ಕೊಡಿರಿ, ಸ್ವೀಕೃತಿ ತಗೊಳ್ಳಿರಿ.

ಆದರೆ ಶೆಡ್ ಎದ್ದ ಮೇಲೆ ಜಗಳವಾಡುವುದಕ್ಕಿಂತ, ಏಳುವ ಮೊದಲೇ ಊರನ್ನು ಕೇಳಬೇಕು. ಅದಕ್ಕೆ ಕಾಯ್ದೆ ತಿದ್ದುಪಡಿಯಾಗಬೇಕು. ಮನೆ ಹಿತ್ತಲಿನ ನಾಟಿ ಕೋಳಿಗೆ, ನಾಲ್ಕು ಎಮ್ಮೆಗಳ ಕೊಟ್ಟಿಗೆಗೆ ಯಾವ ಅಡ್ಡಿಯೂ ಬೇಡ. ಮಾರಾಟಕ್ಕೆಂದು ಸಾವಿರಗಟ್ಟಲೆ ಸಾಕುವ ಶೆಡ್ಡಿಗೆ ಗ್ರಾಮಸಭೆಯ ಒಪ್ಪಿಗೆ ಕಡ್ಡಾಯವಾಗಲಿ. ತ್ಯಾಜ್ಯದ ಹೊಣೆ ಕಂಪನಿಯ ಮೇಲೂ ಬೀಳಲಿ. 2023ರಲ್ಲಿ ಪಂಚಾಯತ್ ರಾಜ್ ಖಾತೆ ವಹಿಸಿಕೊಂಡ ಪ್ರಿಯಾಂಕ್ ಖರ್ಗೆಯವರು ನಮ್ಮ ಜಿಲ್ಲೆಯ ಚಿತ್ತಾಪುರದ ಶಾಸಕರು. ಇದನ್ನೇ ಕೇಳುವ ನಮ್ಮ ಗ್ರಾಮಸಭೆಯ ಠರಾವು ಅವರಿಗೂ ಆಳಂದದ ಶಾಸಕರಿಗೂ ಮುಟ್ಟಬೇಕು.

ಆರು ತಿಂಗಳಿಗೊಮ್ಮೆ ನಡೆಯಲೇಬೇಕಾದ ಗ್ರಾಮಸಭೆಗೆ ಈ ಸಲ ಮನೆಗೊಬ್ಬರಾದರೂ ಬರ್ರಿ. ಹೆಣ್ಣುಮಕ್ಕಳು ಮುಂದೆ ಕೂಡ್ರಿ, ನೀರು ತರುವವರು ನೀವೇ. ಠರಾವು ಪುಸ್ತಕದಲ್ಲಿ ಬರೆಸದೆ, ಸಹಿ ಹಾಕದೆ ಯಾರೂ ಏಳಬೇಡಿರಿ!

— ಕಿಣ್ಣಿ ಸುಲ್ತಾನ ಗ್ರಾಮಸ್ಥರು
(ಓದಿ, ಪಕ್ಕದ ಮನೆಯವರಿಗೂ ಓದಿ ಹೇಳಿರಿ)